ಗೌರಿ ಹೂವಿನ ಗೆಡ್ಡೆ

ಶಿವರಾತ್ರಿಯ ಹಿಂದಿನ ದಿನ ನಮ್ಮ ಬಸ್ಸು ಅಕ್ಕಿಹೆಬ್ಬಾಳಿಗೆ ಬಂದಾಗ ಹತ್ತು ಮುಕ್ಕಾಲು. ಅಕ್ಕ ಎಂದಿನಂತೆ ಸ್ಟಾಪಿನ ಹುಣಸೆಮರದ ನೆರಳಿನಲ್ಲಿ ನಿಂತಿದ್ದಳು. ನಾನು ನಾಗಮಂಗಲದಿಂದ ಹೊರಟು ಕೆ.ಆರ್.ಪೇಟೆ, ಅಕ್ಕಿಹೆಬ್ಬಾಳು ಹಾದು ಮುಂದೆ ಹೋಗುವ ಖಾಸಗಿ ಬಸ್ಸಿನ ಕಂಡಕ್ಟರ್. ಅಕ್ಕನನ್ನು ಅಕ್ಕಿಹೆಬ್ಬಾಳಿಗೆ ಕೊಟ್ಟು ಇಪ್ಪತ್ತೈದು ವರ್ಷದ ಮೇಲಾಗಿತ್ತು. ವಾರದಲ್ಲಿ ಮೂರು ದಿನವಾದರೂ ಬುತ್ತಿ ಹಿಡಿದು ಬಂದು ನಿಲ್ಲುತ್ತಿದ್ದಳು. ಬಸ್ಸು ಅಲ್ಲಿ ನಿಲ್ಲುವುದು ಎರಡು ನಿಮಿಷ. ಅಷ್ಟರಲ್ಲಿ ಬುತ್ತಿ ಈಚೆ ಬರಬೇಕು, ಹಿಂದಿನ ಸಲದ ಖಾಲಿ ಡಬ್ಬಿ ಆಚೆ ಹೋಗಬೇಕು, ಮನೆಯ ಸುದ್ದಿಯೂ ಮುಗಿಯಬೇಕು.

ನಮ್ಮ ಡ್ರೈವರ್ ವಯಸ್ಸಾದ ಮನುಷ್ಯ. ಅಕ್ಕನನ್ನು ಕಂಡರೆ ಕೆಣಕದೆ ಬಿಡುವವನಲ್ಲ.

“ಏನವ್ವ, ದಿನಾ ಬಸ್ಸು ನಿಲ್ಲಿಸ್ಕತೀಯ, ಒಂದಿನಾನಾದ್ರೂ ಒಂದು ಟಿಕೇಟು ತಗಂಡಿದ್ದೀಯಾ?”

“ಸರ್ಕಾರದ ಬಸ್ಸಲ್ಲಿ ಎಂಗಸ್ರಿಗೆ ಬಿಟ್ಟಿ. ನಿನ್ನ ಡಕೋಟಾನ ಯಾರಣ್ಣ ಹತ್ತಾರು?” ಅಂದಳು ಅಕ್ಕ. ಮುಂದಿನ ಸೀಟಿನಲ್ಲಿದ್ದವರೆಲ್ಲ ನಕ್ಕರು.

ನಾನು ಸೀಟಿನ ಕೆಳಗಿನಿಂದ ಎರಡು ಗಂಟು ತೆಗೆದೆ. ಒಂದು ಪ್ಲಾಸ್ಟಿಕ್ ಕವರಿನಲ್ಲಿ ನಾಗಮಂಗಲದ ಸಂತೆಯಲ್ಲಿ ಕೊಂಡ ಎರಡು ಕೆಜಿ ಗೆಣಸು. ಶಿವರಾತ್ರಿಯ ಉಪವಾಸಕ್ಕೆ ನಮ್ಮ ಕಡೆ ಬೇಯಿಸಿದ ಗೆಣಸು, ತಂಬಿಟ್ಟು ಆಗಲೇಬೇಕು. ಇನ್ನೊಂದು ಬಟ್ಟೆ ಚೀಲ. ಅದರಲ್ಲಿದ್ದುದು ಗೆಣಸಲ್ಲ. ಬಸ್ಸಿನಲ್ಲಿ ಒಂದೊಂದು ಕಡೆ ಹೊರಳಬಾರದೆಂದು ಎರಡರ ಬಾಯಿಯನ್ನೂ ಸೇರಿಸಿ ಒಂದೇ ದಾರದಲ್ಲಿ ಕಟ್ಟಿದ್ದೆ.

ಅಷ್ಟರಲ್ಲಿ ಹಿಂದಿನಿಂದ ಹಾರನ್ ಕೇಳಿಸಿತು. ನಮ್ಮ ಹಿಂದೆ ಆರು ನಿಮಿಷಕ್ಕೆ ಬರಬೇಕಾದ ಇನ್ನೊಬ್ಬರ ಬಸ್ಸು ಆಗಲೇ ಬಂದಿತ್ತು. ಅದು ಮುಂದೆ ಹೋದರೆ ದಾರಿಯಲ್ಲಿನ ಜನವೆಲ್ಲ ಅದರ ಪಾಲು.

“ಹತ್ಲಾ, ಹಿಂದ್ಲೋನು ಬಂದ!” ಎಂದು ಡ್ರೈವರ್ ಗೇರು ಹಾಕಿಯೇಬಿಟ್ಟ.

ನಾನು ಫುಟ್‌ಬೋರ್ಡಿನ ಮೇಲೆ ನಿಂತು ಗಂಟನ್ನು ಅಕ್ಕನ ಕೈಗೆ ಕೊಟ್ಟೆ. “ತಕ್ಕೊಳಕ್ಕ. ನಾಡಿದ್ದು ರಜಾ ಆಕಿ ಬತ್ತೀನಿ. ಆಗ ಯೋಳ್ತೀನಿ” ಅಂದೆ.

“ಏನ್ಲಾ ಯೋಳೋದು? ಗೆಣಸು ಬೇಯ್ಸೋದ ನಂಗೇ ಕಲಿಸ್ತೀಯಾ?”

ಅವಳು ಹಾಗೆ ಅಂದಿದ್ದು ನನಗೆ ಸ್ಪಷ್ಟವಾಗಿ ಕೇಳಿಸಿತು. ನಾನು ನಕ್ಕೆ. ನಕ್ಕು ವಿಷಲ್ ಊದಿದೆ. ಬಸ್ಸು ಹೊರಟಿತು.

ಆ ಬಟ್ಟೆ ಚೀಲದಲ್ಲಿ ಗೌರಿ ಹೂವಿನ ಗೆಡ್ಡೆ ಇತ್ತು. ಅದನ್ನು ಯಾಕೆ ತಂದಿದ್ದೆ, ಯಾಕೆ ಅದರ ಹೆಸರು ಹೇಳಲಿಲ್ಲ ಎನ್ನುವುದನ್ನು ಇಲ್ಲಿ ಬರೆಯಬೇಕು.

ನಮ್ಮೂರು ನಾಗಮಂಗಲ ತಾಲ್ಲೂಕಿನ ಕೋಟೆಬೆಟ್ಟದ ಕಡೆ. ಬೆಟ್ಟದ ಬುಡವೆಲ್ಲ ಕಲ್ಲು, ಕಾರೆ ಪೊದೆ, ತಂಗಡಿ, ಕಳ್ಳಿ. ಬೇಸಿಗೆಯಲ್ಲಿ ಅಲ್ಲಿ ಏನೂ ಇಲ್ಲ ಅನ್ನಿಸುತ್ತದೆ. ಮುಂಗಾರು ಎರಡು ಸಲ ಚೆನ್ನಾಗಿ ಬಿದ್ದರೆ ಕಾರೆ ಪೊದೆಯ ಒಳಗಿನಿಂದ ಒಂದು ಬಳ್ಳಿ ಏಳುತ್ತದೆ. ಅದರ ಎಲೆಯ ತುದಿ ಸುರುಳಿಯಾಗಿ ಪಕ್ಕದ ಮುಳ್ಳನ್ನೇ ಹಿಡಿದುಕೊಂಡು ಮೇಲಕ್ಕೆ ಹೋಗುತ್ತದೆ. ಗೌರಿ ಹಬ್ಬದ ಹೊತ್ತಿಗೆ ಹೂ. ಆರು ಎಸಳು, ಮೇಲಕ್ಕೆ ತಿರುಗಿಕೊಂಡು ಒಲೆಯ ಬೆಂಕಿಯಂತೆ ನಿಲ್ಲುತ್ತವೆ. ಮೊದಲು ಹಸಿರು, ಆಮೇಲೆ ಹಳದಿ, ಉದುರುವ ಮುಂಚೆ ಪೂರಾ ಕೆಂಪು. ಹಬ್ಬಕ್ಕೆ ಬರುವುದರಿಂದ ನಮ್ಮಲ್ಲಿ ಅದಕ್ಕೆ ಗೌರಿ ಹೂ ಅಂತಲೇ ಹೆಸರು. ದೀಪಾವಳಿ ಕಳೆಯುತ್ತಿದ್ದಂತೆ ಬಳ್ಳಿ ಒಣಗಿ ನೆಲಕ್ಕೆ ಬೀಳುತ್ತದೆ. ಗೆಡ್ಡೆ ಮಾತ್ರ ಮಣ್ಣಿನೊಳಗೆ ಬದುಕಿರುತ್ತದೆ, ಮುಂದಿನ ವರ್ಷ ಅಲ್ಲಿಂದಲೇ ಮತ್ತೆ ಏಳುತ್ತದೆ.

ಆ ಗೆಡ್ಡೆ ವಿಷ ಎಂದು ನಮ್ಮೂರಿನಲ್ಲಿ ಎಲ್ಲರಿಗೂ ಗೊತ್ತು. ಅಕ್ಕನಿಗೂ ಗೊತ್ತಿತ್ತು. ಆದರೆ ಅವಳು ಗೆಡ್ಡೆಯನ್ನು ಕಣ್ಣಿಂದ ಕಂಡಿರಲಿಲ್ಲ. ಬೆಟ್ಟದಿಂದ ಹೂ ತರುವುದು ಗಂಡುಮಕ್ಕಳ ಕೆಲಸ. ಮನೆಯ ಹೆಣ್ಣುಮಕ್ಕಳು ಕಂಡಿದ್ದು ಹೂವನ್ನೇ.

ಅಪ್ಪ ಇರುವತನಕ ಅಪ್ಪ, ಆಮೇಲೆ ನಾನು, ಪ್ರತಿ ವರ್ಷ ಗೌರಿ ಹಬ್ಬಕ್ಕೆ ಅಕ್ಕನಿಗೆ ಬಾಗಿನದ ಜೊತೆ ಆ ಹೂವನ್ನು ಮುಟ್ಟಿಸುತ್ತಿದ್ದೆವು. ಅಕ್ಕಿಹೆಬ್ಬಾಳು ಹೇಮಾವತಿಯ ದಂಡೆ. ಭತ್ತ, ಕಬ್ಬು, ಕಪ್ಪು ಮಣ್ಣು. ಅಲ್ಲಿ ಬೇಕೆಂದರೂ ಆ ಹೂ ಸಿಗುವುದಿಲ್ಲ. ಈಚೆಗೆ ನಮ್ಮ ಬೆಟ್ಟದಲ್ಲೂ ಕಡಿಮೆಯಾಗಿತ್ತು. ಲಂಟಾನ ಬೆಳೆದು ಕಾರೆ ಪೊದೆಗಳನ್ನು ಮುಚ್ಚಿಬಿಟ್ಟಿತ್ತು. ಹಿಂದಿನ ಹಬ್ಬದಲ್ಲಿ ನಾನು ಅರ್ಧ ದಿನ ಹುಡುಕಿ, ಕೈ ಕಾಲು ಗೀರಿಸಿಕೊಂಡು, ಮೂರೇ ಮೂರು ಹೂ ತಂದಿದ್ದೆ. ಅಕ್ಕ ನನ್ನ ಕೈ ನೋಡಿ ಬೈದಿದ್ದಳು.

“ಈ ಮುಳ್ಳಿಗೆ ಬಿದ್ದು ಸಾಯ್ಬ್ಯಾಡ ಕಣ್ಲಾ. ಒಂದು ಬೇರು ತಂದು ನಮ್ಮ ಇತ್ಲಲ್ಲಿ ನೆಟ್ಬುಡು. ನಾನು ನೀರಾಕಿ ನೋಡ್ಕತೀನಿ.”

ಗೆಡ್ಡೆ ಕೀಳಬೇಕಾದ್ದು ಬಳ್ಳಿ ಪೂರಾ ಒಣಗಿದ ಮೇಲೆ, ಹೊಸ ಮೊಳಕೆ ಏಳುವ ಮುಂಚೆ. ಅಂದರೆ ಶಿವರಾತ್ರಿಯ ಆಸುಪಾಸು. ಅಪ್ಪ ಬೇರು ನಾರು ಬಲ್ಲವನು. ದನಕ್ಕೆ ಔಷಧಿ ಮಾಡುತ್ತಿದ್ದ. ಅವನದೊಂದು ಕಟ್ಟಳೆ ಇತ್ತು. ಬೆಟ್ಟದಲ್ಲಿ ಕಿತ್ತ ಬೇರಿನ ಹೆಸರನ್ನು ಅದು ಮತ್ತೆ ಮಣ್ಣು ಮುಟ್ಟುವತನಕ ಬಾಯಲ್ಲಿ ಹೇಳಬಾರದು. ಹೇಳಿದರೆ ಹತ್ತುವುದಿಲ್ಲ, ಕೊಳೆಯುತ್ತದೆ. ಇದನ್ನು ನಾನು ಪೂರಾ ನಂಬಿದ್ದೆ ಎಂದು ಹೇಳಲಾರೆ. ಆದರೆ ಒಮ್ಮೆ ನಮ್ಮ ಮನೆಯ ಹಿಂದೆ ನೆಡಲೆಂದು ಒಂದು ಗೆಡ್ಡೆ ತಂದಾಗ ಹೆಂಡತಿ ಕೇಳಿದ್ದಕ್ಕೆ ಹೆಸರು ಹೇಳಿದ್ದೆ. ಆ ವರ್ಷ ಅದು ಮೊಳೆಯಲೇ ಇಲ್ಲ. ಅಕ್ಕನ ಮನೆಯದು ಹಾಗಾಗಬಾರದು ಎಂದು ಈ ಸಲ ಹೆಂಡತಿಗೂ ಹೇಳಲಿಲ್ಲ, ಡ್ರೈವರಿಗೂ ಹೇಳಲಿಲ್ಲ, ಅಕ್ಕನಿಗೂ ಹೇಳಲಿಲ್ಲ.

ಇನ್ನೂ ಎರಡು ಕೆಲಸ ಮಾಡಿದ್ದೆ. ಆ ಗೆಡ್ಡೆ ನೇಗಿಲಿನ ಹಾಗೆ ನಡುವೆ ಬಾಗಿರುತ್ತದೆ, ಎರಡು ತೋಳು. ನೋಡಿದವರು ಯಾರೂ ಅದನ್ನು ಗೆಣಸು ಅನ್ನುವುದಿಲ್ಲ. ಒಂದೊಂದು ತೋಳಿನ ತುದಿಯಲ್ಲೂ ಒಂದೊಂದು ಕಣ್ಣು ಇರುವುದರಿಂದ, ಮುರಿದು ನೆಟ್ಟರೆ ಎರಡು ಬಳ್ಳಿಯಾಗುತ್ತದೆ ಎಂದು ಕಿತ್ತು ತಂದಿದ್ದ ಐದು ಗೆಡ್ಡೆಯನ್ನೂ ಬಾಗಿದ ಕಡೆ ಮುರಿದೆ. ಹತ್ತು ತುಂಡಾಯಿತು. ಆಮೇಲೆ ಬಸ್ಸಿನಲ್ಲಿ ಮಣ್ಣು ಉದುರಬಾರದೆಂದು ಒಂದೊಂದನ್ನೂ ಬಟ್ಟೆಯಲ್ಲಿ ಒರೆಸಿ ಚೀಲಕ್ಕೆ ಹಾಕಿದೆ. ಈಗ ಅವು ಉದ್ದನೆಯ, ತೆಳ್ಳನೆಯ, ಚೊಕ್ಕ ಗೆಣಸಿನಂತೆ ಕಾಣುತ್ತಿದ್ದವು. ಅದು ಆಗ ನನ್ನ ಕಣ್ಣಿಗೆ ಬೀಳಲಿಲ್ಲ. ನನಗೆ ಅವು ಏನೆಂದು ಗೊತ್ತಿತ್ತಲ್ಲ.

ಶಿವರಾತ್ರಿಯ ದಿನ ಬಸ್ಸು ತುಂಬಿತ್ತು. ಅಕ್ಕ ಸ್ಟಾಪಿಗೆ ಬರಲಿಲ್ಲ. ಉಪವಾಸದ ದಿನ ಬುತ್ತಿ ಇಲ್ಲ, ಬರುವುದಿಲ್ಲ ಎಂದು ಗೊತ್ತಿದ್ದರಿಂದ ನಾನೂ ಹುಡುಕಲಿಲ್ಲ.

ಮಾರನೆಯ ದಿನ ರಜಾ. ಹಾರೆ, ಒಂದು ಚೀಲ ಬೆಟ್ಟದ ಕೆಂಪು ಮಣ್ಣು ತೆಗೆದುಕೊಂಡು ನಮ್ಮದೇ ಬಸ್ಸಿಗೆ ಹತ್ತಿದೆ. ಡ್ರೈವರ್ ತಿರುಗಿ ನೋಡಿ, “ಏನ್ಲಾ, ರಜದಲ್ಲೂ ಬಸ್ಸು ಬುಡಲ್ವಾ? ಟಿಕೇಟು ತಗಾ ಮದ್ಲು” ಅಂದ. ಅಕ್ಕಿಹೆಬ್ಬಾಳಿನಲ್ಲಿ ಇಳಿದಾಗ ಹುಣಸೆಮರದ ಕೆಳಗೆ ಯಾರೂ ಇರಲಿಲ್ಲ. ಬರುತ್ತೇನೆಂದು ಹೇಳಿದ್ದೆ, ಬಂದಿಲ್ಲವಲ್ಲ ಅಂದುಕೊಂಡೇ ನಡೆದೆ.

ಮನೆಯ ಬಾಗಿಲಿನಲ್ಲೇ ಹುಳಿ ವಾಸನೆ ಬಂತು. ಅಕ್ಕ ನಡುಮನೆಯಲ್ಲಿ ಗೋಡೆಗೆ ಒರಗಿ ಕೂತಿದ್ದಳು. ಪಕ್ಕದಲ್ಲಿ ಬೋಗುಣಿ. ಮುಖ ಬೂದಿಯಾಗಿತ್ತು, ತುಟಿ ಒಣಗಿ ಬಿರಿದಿತ್ತು. ನನ್ನ ಹೆಗಲ ಮೇಲಿನ ಹಾರೆ ನೋಡಿ ನಗಲು ಪ್ರಯತ್ನಿಸಿದಳು.

“ಆರೆ ತಗಂಡೇ ಬಂದಿದ್ದೀಯಲ್ಲ, ನನ್ನ ಊಳಾಕಾ?”

“ಏನಾಯ್ತಕ್ಕ?”

“ಬೆಳಗಿನ ಜಾವದಿಂದ ಕಿತ್ಕಂಡು ಓಯ್ತಾ ಐತೆ. ಮೇಲೂ ಕೆಳಗೂ.”

ಅವಳ ಅತ್ತೆ ಒಳಗಿನಿಂದ ನೀರು ತಂದರು. ಎಂಬತ್ತು ದಾಟಿದ ಮುದುಕಿ. “ಉಪಾಸದ ಒಟ್ಟೆಗೆ ಗೆಣಸು ತುರುಕಿದ್ರೆ ಇನ್ನೇನಾಯ್ತದೆ ಮಗ? ಕಹಿಯಾಗವೆ, ಬುಡು ಅಂದ್ರೂ ಕೇಳ್ಳಿಲ್ಲ” ಅಂದರು.

ಕಹಿ ಅನ್ನುವ ಮಾತು ಕಿವಿಗೆ ಬಿದ್ದ ಗಳಿಗೆಯಲ್ಲೇ ನನಗೆ ತಿಳಿಯಿತು. ತಿಳಿದರೂ ಬಾಯಿ ಬೇರೆಯದನ್ನೇ ಕೇಳಿತು.

“ಆ ಬಟ್ಟೆ ಚೀಲ ಎಲ್ಲಕ್ಕ?”

“ಒಗೆದು ಆಕಿದ್ದೀನಿ, ಒಣಗೈತೆ. ನಿನ್ನ ಚೀಲ ನಾನೇನು ತಿಂದ್ಕತೀನಾ?”

ಹಿತ್ತಲಿನ ತಂತಿಯ ಮೇಲೆ ಚೀಲ ಜೋತಾಡುತ್ತಿತ್ತು. ಮುಟ್ಟಿ ನೋಡಿದೆ, ಯಾಕೆ ಮುಟ್ಟಿದೆನೋ ಗೊತ್ತಿಲ್ಲ. ಅಡಿಗೆಮನೆಗೆ ಹೋದೆ. ಅಲ್ಯೂಮಿನಿಯಂ ಪಾತ್ರೆಯಲ್ಲಿ ಮಿಕ್ಕ ಗೆಣಸಿತ್ತು. ಕೈ ಹಾಕಿ ಕೆದಕಿದೆ. ದಪ್ಪನೆಯವು ಗೆಣಸು. ಅವುಗಳ ನಡುವೆ ತೆಳ್ಳಗಿನ ಎರಡು ತುಂಡು ಸಿಕ್ಕವು. ಹತ್ತರಲ್ಲಿ ಎರಡು. ಇನ್ನು ಎಂಟು.

“ಅತ್ತೆ, ಈ ಸಣ್ಣವು ಯಾರ್ಯಾರು ತಿಂದ್ರಿ?”

“ನಾನು ಒಂದು ಬಾಯಿಗಿಟ್ಟೆ. ಥೂ ಅಂತ ಉಗುದ್ಬುಟ್ಟೆ. ಇವ್ಳು ನನ್ನ ಬೈದ್ಲು, ನೈವೇದ್ಯ ಮಾಡಿದ್ದ ಉಗೀತಾರಾ ಅಂತ. ಶಿವನೇ ಬಂದು ಕೊಟ್ರೂ ಕಹಿ ಕಹೀನೆ, ಓಗಮ್ಮಿ ಅಂದೆ.”

ಅದು ಒಂದು. ಇನ್ನು ಏಳು.

“ಮಿಕ್ಕವು?”

“ಮೂರೋ ನಾಲ್ಕೋ ಎಮ್ಮೆಗೆ ಆಕಿದ್ದೆ.”

ಕೊಟ್ಟಿಗೆಗೆ ಓಡಿದೆ. ಬಾನಿಯ ಪಕ್ಕದಲ್ಲಿ ಮೂರು ತುಂಡು ಹಾಗೇ ಬಿದ್ದಿದ್ದವು. ಹುಲ್ಲು, ಗೆಣಸಿನ ಸಿಪ್ಪೆ ಎಲ್ಲ ತಿಂದ ಎಮ್ಮೆ ಅವನ್ನು ಮಾತ್ರ ಮೂಸಿ ಬಿಟ್ಟಿತ್ತು. ನಾಲ್ಕನೆಯದು ಎಲ್ಲಿಯಾದರೂ ಇದ್ದರೆ ಎಂದು ಸಗಣಿಯಲ್ಲಿ, ಹುಲ್ಲಿನ ಕೆಳಗೆ, ಬಾನಿಯೊಳಗೆ ಕೈ ಆಡಿಸಿದೆ. ಇರಲಿಲ್ಲ.

ನಾಲ್ಕು ತುಂಡು ಅಕ್ಕನ ಹೊಟ್ಟೆಗೆ ಹೋಗಿದ್ದವು.

ಆಮೇಲೆ ಒಂದೊಂದಾಗಿ ತಿಳಿಯಿತು. ತೆಳ್ಳಗೆ ಚೊಕ್ಕವಾಗಿವೆ ಎಂದು ಅವನ್ನೇ ಆರಿಸಿ ನೈವೇದ್ಯದ ಎಲೆಗೆ ಇಟ್ಟಿದ್ದಳಂತೆ. ನನ್ನ ತಮ್ಮ ಬೇರೆ ಚೀಲದಲ್ಲಿ ಕಟ್ಟಿ ತಂದವನೆ, ಒಳ್ಳೆ ಜಾತಿಯವು ಇರಬೇಕು ಅಂದಳಂತೆ. ಪೂಜೆಯಾದ ಮೇಲೆ ಎಲೆಯ ಮೇಲಿಟ್ಟದ್ದನ್ನು ಉಪವಾಸ ಇದ್ದವರೇ ತಿನ್ನಬೇಕು, ಬಿಡಬಾರದು. ಬೆಲ್ಲ ನಂಚಿಕೊಂಡು, ಕಣ್ಣು ಮುಚ್ಚಿಕೊಂಡು ನುಂಗಿದ್ದಳು. ಭಾವನಿಗೆ ಗೆಣಸು ತಿಂದರೆ ಹೊಟ್ಟೆ ಉಬ್ಬರ. ಅವರು ತಂಬಿಟ್ಟು ತಿಂದು ಎದ್ದಿದ್ದರು.

ಭಾವ ಊರ ಕ್ಲಿನಿಕ್ಕಿನಿಂದ ಮಾತ್ರೆ ತಂದವರು ಬಾಗಿಲಲ್ಲಿ ನಿಂತಿದ್ದರು. “ಇಂಜೆಕ್ಷನ್ ಕೊಡ್ಸಿದ್ದೀನಿ, ಸಂಜೆಗೆ ಸರಿ ಓಯ್ತದಂತೆ” ಅಂದರು.

“ಭಾವ, ಆಟೋ ಕರೀರಿ. ಈಗಲೇ ಪೇಟೆ ಆಸ್ಪತ್ರೆಗೆ ಓಗ್ಬೇಕು.”

“ಯಾಕ್ಲಾ, ಅಂಗೆ ಆಡ್ತೀಯ? ಬರೀ ವಾಂತಿ.”

“ಕರೀರಿ ಭಾವ.”

ನನ್ನ ದನಿ ಹೇಗಿತ್ತೋ, ಅವರು ಆಟೋ ಕರೆಯಲು ಹೋದರು. ಉಳಿದ ತುಂಡುಗಳನ್ನು ಪೇಪರಿನಲ್ಲಿ ಸುತ್ತಿ ಜೇಬಿಗೆ ಹಾಕಿಕೊಂಡೆ. ಆಟೋದಲ್ಲಿ ಅಕ್ಕ ನಡುವೆ, ಭಾವ ಆ ಕಡೆ, ನಾನು ಈ ಕಡೆ. ಪ್ರತಿ ಉಬ್ಬಿಗೂ ಅಕ್ಕ ನನ್ನ ಮಂಡಿ ಹಿಡಿಯುತ್ತಿದ್ದಳು. ಕೆ.ಆರ್.ಪೇಟೆ ಬರುವತನಕ ಜೇಬಿನಲ್ಲಿರುವುದರ ವಿಷಯ ನಾನು ಮಾತಾಡಲಿಲ್ಲ. ಡಾಕ್ಟರ ಮುಂದೆ ಹೇಳಿದರಾಯಿತು ಎಂದುಕೊಂಡೆ. ಭಾವನ ಮುಖ ನೋಡಲು ಹೆದರಿದೆ ಎನ್ನುವುದೇ ನಿಜ.

ಡಾಕ್ಟರು ಚಿಕ್ಕ ವಯಸ್ಸಿನ ಹೆಣ್ಣುಮಗಳು. ಅಕ್ಕನಿಗೆ ಡ್ರಿಪ್ ಹಾಕಿಸಿ, “ಏನು ತಿಂದರು?” ಎಂದು ಕೇಳಿದರು. ಭಾವ “ಗೆಣಸು ಮೇಡಂ” ಅಂದರು. ನಾನು ಡಾಕ್ಟರನ್ನು ವರಾಂಡಕ್ಕೆ ಕರೆದು ಪೇಪರ್ ಬಿಚ್ಚಿ ತೋರಿಸಿದೆ. ಹೆಸರು ಹೇಳಿದೆ. ಬೆಟ್ಟದಲ್ಲಿ ಕಿತ್ತಮೇಲೆ ನನ್ನ ಬಾಯಿಂದ ಆ ಹೆಸರು ಬಂದದ್ದು ಅದೇ ಮೊದಲು. ಅವರು ಮೊಬೈಲಿನಲ್ಲಿ ಹುಡುಕಿ ಹೂವಿನ ಚಿತ್ರ ತೋರಿಸಿದರು. “ಇದೇನಾ?”

“ಇದೇ ಮೇಡಂ.”

“ಎಷ್ಟು ಹೊತ್ತಾಯಿತು?”

“ನಿನ್ನೆ ಸಂಜೆ ಪೂಜೆ ಆದ್ಮೇಲೆ.”

ಅವರು ಒಂದು ಕ್ಷಣ ಗಡಿಯಾರ ನೋಡಿದರು. “ಇದಕ್ಕೆ ಇಂಥದೇ ಅಂತ ಮದ್ದಿಲ್ಲ. ಇಲ್ಲಿ ಇಟ್ಟುಕೊಳ್ಳೋಕೆ ಆಗಲ್ಲ, ಮೈಸೂರಿಗೆ ಕಳಿಸ್ತೀನಿ. ಮನೇಲಿ ಇನ್ಯಾರು ತಿಂದಿದ್ದಾರೆ?”

ಈ ಪ್ರಶ್ನೆಯನ್ನು ಅವರು ಗಟ್ಟಿಯಾಗಿ ಕೇಳಿದರು. ಭಾವ ಬಂದು ಪಕ್ಕದಲ್ಲಿ ನಿಂತಿದ್ದರು.

“ಯಾಕೆ? ಏನು ತಿಂದಿದ್ದು?”

ಹೇಳಿದೆ. ಹಿತ್ತಲಿನಲ್ಲಿ ನೆಡಲೆಂದು ತಂದಿದ್ದೆ ಅಂದೆ. ಚೀಲ ಅಂದೆ. ಅಪ್ಪನ ಕಟ್ಟಳೆ ಅಂದೆ. ಅದನ್ನು ಹೇಳುವಾಗ ಮಾತು ಎಷ್ಟು ಹಗುರವಾಗಿ ಕೇಳಿಸಿತೆಂದರೆ, ನಡುವೆಯೇ ನಿಲ್ಲಿಸಿಬಿಟ್ಟೆ. ಭಾವ ಹೊಡೆಯುತ್ತಾರೆ ಅಂದುಕೊಂಡೆ. ಹೊಡೆದಿದ್ದರೆ ನಿಂತು ತಿನ್ನುತ್ತಿದ್ದೆ. ಅವರು ಗೋಡೆಗೆ ಕೈ ಕೊಟ್ಟು ನಿಂತರು. ಆಮೇಲೆ ಫೋನು ತೆಗೆದು ಪಕ್ಕದ ಮನೆಯವರಿಗೆ ಮಾಡಿ, ನಮ್ಮವ್ವನ್ನ ಒಂದು ಗಾಡಿ ಮಾಡ್ಕಂಡು ಪೇಟೆಗೆ ಕರಕೊಂಡು ಬನ್ನಿ ಅಂದರು. ಮುದುಕಿಗೆ ಏನೂ ಆಗಲಿಲ್ಲ. ಉಗಿದಿದ್ದೇ ಅವರನ್ನು ಉಳಿಸಿತು.

ಆಂಬುಲೆನ್ಸಿಗೆ ಅಕ್ಕನನ್ನು ಏರಿಸುವ ಮುಂಚೆ ಭಾವ ನನ್ನ ತೋಳು ಹಿಡಿದು ಪಕ್ಕಕ್ಕೆ ಕರೆದರು.

“ಅವ್ಳಿಗೆ ಯೋಳ್ಬ್ಯಾಡ.”

“ಭಾವ...”

“ನೀನು ಕೊಟ್ಟಿದ್ದರಿಂದ ಇಂಗಾಯ್ತು ಅಂತ ತಿಳಿದ್ರೆ ಅವ್ಳ ಜೀವ ಅರ್ಧ ಓಯ್ತದೆ. ಬದುಕಿ ಮನೆಗೆ ಬರ್ಲಿ. ಆಮ್ಯಾಲೆ ಎಷ್ಟಾದ್ರೂ ಯೋಳು.”

“ಆಯ್ತು ಭಾವ” ಅಂದೆ.

ಚಿನಕುರಳಿ, ಪಾಂಡವಪುರ ದಾಟಿ ಶ್ರೀರಂಗಪಟ್ಟಣದ ಸೇತುವೆಗೆ ಬರುವಷ್ಟರಲ್ಲಿ ಅಕ್ಕ ನಾಲ್ಕು ಸಲ ವಾಂತಿ ಮಾಡಿಕೊಂಡಳು. ಹೊಳೆ ಕಂಡಾಗ ಎಂದಿನಂತೆ ಕೈ ಎತ್ತಿ ಮುಗಿಯಲು ಹೋದಳು, ಡ್ರಿಪ್ಪಿನ ಸೂಜಿ ಎಳೆಯಿತು. “ಬುಡಕ್ಕ, ಬರೋವಾಗ ಮುಗಿಯುವೆಯಂತೆ” ಅಂದೆ.

ಮೈಸೂರಿನ ಆಸ್ಪತ್ರೆಯಲ್ಲಿ ಇದ್ದುದು ಆರು ದಿನ. ವಿಷದ ಕೇಸು ಎಂದು ಮೊದಲ ದಿನವೇ ಪೊಲೀಸರು ಬಂದರು. ಭಾವ ನನ್ನ ಮುಖ ನೋಡದೆ, “ಸಂತೆ ಗೆಣಸು ಸಾರ್. ಅದರಲ್ಲಿ ಯಾವುದೋ ಕಾಡುಗೆಡ್ಡೆ ಸೇರ್ಕಂಡಿತ್ತು” ಅಂದರು. ನನ್ನನ್ನು ಉಳಿಸಲೆಂದೇ ಅಂದದ್ದು. ಬರೆದುಕೊಳ್ಳುತ್ತಿದ್ದ ಪೇದೆ, “ಯಾವ ಸಂತೆ? ಯಾರ ಅಂಗಡಿ?” ಎಂದು ಕೇಳಿದ. ಆ ಗೆಣಸು ಮಾರಿದವಳು ನನಗೆ ಗೊತ್ತು. ನಮ್ಮ ಬಸ್ಸಿನಲ್ಲೇ ಮೂಟೆ ಹಾಕಿಕೊಂಡು ಬರುವ ಹೆಂಗಸು.

“ಇಲ್ಲ ಸಾರ್. ನಾನೇ ಬೆಟ್ಟದಲ್ಲಿ ಕಿತ್ತಿದ್ದು. ನೆಡೋಕೆ ತಂದಿದ್ದೆ” ಅಂದೆ.

ಪೇದೆ ಇಬ್ಬರನ್ನೂ ನೋಡಿದ. ಮೊದಲಿನಿಂದ ಹೇಳಿ ಅಂದ. ಹೇಳಿದೆ. ಸಹಿ ಮಾಡಿದೆ.

ಎರಡನೆಯ ದಿನ ವಾಂತಿ ನಿಂತಿತು. ಮೂರನೆಯ ದಿನ ಬೆಳಿಗ್ಗೆ ಅಕ್ಕ ತಾನೇ ಎದ್ದು ಕೂತಳು. ಎರಡು ಚಮಚ ಗಂಜಿ ಕುಡಿದಳು. ಹೊರಗೆ ಹೋಗಿ ಹೆಂಡತಿಗೆ ಫೋನು ಮಾಡಿ, ಗಂಡಾಂತರ ಕಳೆಯಿತು ಅಂದೆ. ಡಾಕ್ಟರು ಮಾತ್ರ ಹಾಗೆ ಹೇಳಲಿಲ್ಲ. “ಇದು ಹೀಗೇ. ನಡುವೆ ಚೆನ್ನಾಗಿ ಕಾಣ್ತಾರೆ. ರಕ್ತದ ರಿಪೋರ್ಟು ಚೆನ್ನಾಗಿಲ್ಲ. ಇನ್ನು ಎರಡು ಮೂರು ದಿನ ದಾಟಬೇಕು” ಅಂದರು.

ಆ ಮಧ್ಯಾಹ್ನ ಭಾವ ಊಟಕ್ಕೆ ಹೋಗಿದ್ದರು. ನಾನೊಬ್ಬನೇ ಪಕ್ಕದಲ್ಲಿದ್ದೆ.

“ಲೇ, ಆ ಗೆಣಸು ಯಾರತ್ರ ತಗಂಡೆ?”

“ಸಂತೇಲಕ್ಕ.”

“ಮಾರಿದವ್ಳಿಗೆ ಯೋಳ್ಬುಡು. ಪಾಪ, ಅವ್ಳಿಗೂ ಗೊತ್ತಿರಕಿಲ್ಲ. ಇನ್ಯಾರ ಮನೆಗೂ ಓಗೋದು ಬ್ಯಾಡ.”

“ಯೋಳ್ತೀನಿ.”

“ಮಕ್ಕಳಿರೋ ಮನೆಗೆ ಓಗಿದ್ರೆ ಏನ್ಲಾ ಗತಿ?” ಅಂದಳು. ಅವಳಿಗೆ ಮಕ್ಕಳಿರಲಿಲ್ಲ. ಊರವರ ಮಕ್ಕಳೆಲ್ಲ ಅವಳ ಜಗಲಿಯಲ್ಲೇ ಇರುತ್ತಿದ್ದವು.

ಹೇಳಿಬಿಡೋಣ ಅನ್ನಿಸಿತು. ಹೇಳಲು ಹತ್ತು ಮಾತು ಸಾಕಾಗಿತ್ತು. ಅಕ್ಕ, ಅದು ಸಂತೆಯದಲ್ಲ, ಗೌರಿ ಹೂವಿನ ಗೆಡ್ಡೆ, ನಾನೇ ತಂದದ್ದು, ನಿನಗೆ ಹೇಳಬೇಕಿತ್ತು. ಬಾಯಿ ತೆರೆದೆ. ಭಾವನಿಗೆ ಕೊಟ್ಟ ಮಾತು ನೆನಪಾಯಿತು. ಬದುಕಿ ಮನೆಗೆ ಬರಲಿ. ಅವಳು ಎದ್ದು ಕೂತಿದ್ದಳು, ಗಂಜಿ ಕುಡಿದಿದ್ದಳು. ಈಗ ಯಾಕೆ ಕೆಡಿಸಬೇಕು, ಇನ್ನು ನಾಲ್ಕು ದಿನಕ್ಕೆ ಹುಣಸೆಮರದ ಕೆಳಗೇ ನಿಂತು ಹೇಳಬಹುದಲ್ಲ ಎಂದುಕೊಂಡೆ.

“ಏನ್ಲಾ, ಬಾಯಿ ಬುಟ್ಕಂಡು ಕೂತಿದ್ದೀಯ? ನೊಣ ಓಯ್ತದೆ” ಅಂದಳು.

“ಏನಿಲ್ಲ ಕಣಕ್ಕ. ಮಲ್ಕೊ.”

ನಾಲ್ಕನೆಯ ದಿನ ಜ್ವರ ಬಂತು. ಸಂಜೆಯ ಹೊತ್ತಿಗೆ ಒಸಡಿನಲ್ಲಿ ರಕ್ತ ಕಾಣಿಸಿತು. ಡಾಕ್ಟರು ರಕ್ತ ಬೇಕೆಂದರು. ನಮ್ಮ ಡ್ರೈವರ್ ಇಬ್ಬರು ಕ್ಲೀನರುಗಳನ್ನು ಕರೆದುಕೊಂಡು ಬಂದು ರಕ್ತ ಕೊಡಿಸಿದ. ಅವನಿಗೆ ವಯಸ್ಸಾಗಿದೆ ಎಂದು ಅವನದು ತೆಗೆದುಕೊಳ್ಳಲಿಲ್ಲ. ಅದಕ್ಕೆ ಅಲ್ಲೇ ಜಗಳ ಮಾಡಿದ. “ನನ್ನ ರಕ್ತ ಏನು ಡೀಸೆಲ್ಲಾ? ಟೆಸ್ಟ್ ಮಾಡ್ರಯ್ಯ ಮದ್ಲು!” ಆಮೇಲೆ ಮೆಟ್ಟಿಲ ಮೇಲೆ ಕೂತು ಟವೆಲಿನಲ್ಲಿ ಮುಖ ಮುಚ್ಚಿಕೊಂಡ.

ಐದನೆಯ ದಿನ ಬೆಳಿಗ್ಗೆ ಉಸಿರಾಟ ಹದಗೆಟ್ಟು ಅಕ್ಕನನ್ನು ಐಸಿಯುಗೆ ಕರೆದೊಯ್ದರು. ಗಾಲಿಮಂಚದ ಪಕ್ಕದಲ್ಲಿ ಬಾಗಿಲವರೆಗೆ ನಡೆದೆ. ಅವಳಿಗೆ ಎಚ್ಚರವಿತ್ತು. ನನ್ನ ಕಡೆ ನೋಡಿ ಏನೋ ಅಂದಳು, ಮುಖಕ್ಕೆ ಹಾಕಿದ ಮಾಸ್ಕಿನಿಂದ ಕೇಳಿಸಲಿಲ್ಲ. ಬಗ್ಗಿ ಕಿವಿ ಕೊಡುವಷ್ಟರಲ್ಲಿ ನರ್ಸ್ “ಇಲ್ಲಿಂದ ಮುಂದೆ ಬರಬೇಡಿ” ಅಂದರು. ಬಾಗಿಲು ಮುಚ್ಚಿತು. ಕಿಟಕಿಯ ಗಾಜಿನಲ್ಲಿ ಅವಳ ಕಾಲಿನ ಬೆರಳು ಮಾತ್ರ ಕಾಣುತ್ತಿತ್ತು, ಕಾಲುಂಗುರ ಬಿಚ್ಚಿದ ಕಡೆ ಬೆಳ್ಳಗೆ ಗುರುತು.

ಆರನೆಯ ದಿನ ಹನ್ನೊಂದು ಗಂಟೆಗೆ ಡಾಕ್ಟರು ಹೊರಗೆ ಬಂದು ಭಾವನನ್ನು ಕರೆದರು. ನನ್ನನ್ನು ಕರೆಯಲಿಲ್ಲ. ಭಾವ ತಿರುಗಿ ಬರುವ ನಡಿಗೆಯಲ್ಲೇ ಗೊತ್ತಾಯಿತು.

ಅಕ್ಕಿಹೆಬ್ಬಾಳಿನಲ್ಲಿ ಹೊಳೆಯ ದಂಡೆಯ ಮೇಲೆ ಎಲ್ಲ ಮುಗಿಯಿತು. ಹನ್ನೊಂದನೆಯ ದಿನ ನೆಂಟರೆಲ್ಲ ಸೇರಿದ್ದಾಗ ಯಾರೋ, “ಆ ಗೆಣಸಿನವಳನ್ನ ಹಿಡಿದು ಒದೀಬೇಕು” ಅಂದರು. ನಾನು ಎದ್ದು ನಿಂತು ಇದ್ದದ್ದನ್ನು ಇದ್ದ ಹಾಗೆ ಹೇಳಿದೆ. ಎಲೆ ಮುಂದೆ ಕೂತಿದ್ದವರ ಕೈ ಅಲ್ಲೇ ನಿಂತವು. ಅಕ್ಕನ ಅತ್ತೆ ಮೊದಲು ಮಾತಾಡಿದರು. “ನಾನು ಉಗುದ ಆಗೆ ಅವ್ಳೂ ಉಗುದಿದ್ರೆ ಆಗ್ತಿತ್ತು. ಬಲು ಭಕ್ತಿ ಮುಂಡೇದಕ್ಕೆ” ಎಂದು ಅತ್ತರು. ಒಬ್ಬ ದೊಡ್ಡಪ್ಪ ನನ್ನ ಮೇಲೆ ಕೈ ಎತ್ತಿಕೊಂಡೇ ಬಂದ. ಭಾವ ಅಡ್ಡ ನಿಂತರು. “ನಮ್ಮಿಬ್ರ ಮಧ್ಯೆ ಯಾರೂ ಬರ್ಬ್ಯಾಡಿ” ಅಂದರು. ಅಷ್ಟೇ ಅಂದರು. ನನ್ನನ್ನು ಕ್ಷಮಿಸಿದ್ದೇನೆ ಎಂದೂ ಹೇಳಲಿಲ್ಲ, ಇಲ್ಲವೆಂದೂ ಹೇಳಲಿಲ್ಲ. ಎಂದೋ ಒಂದು ದಿನ ಫೋನು ಮಾಡಿ, “ಅವ್ಳಿಗೆ ಯೋಳ್ಬ್ಯಾಡ ಅಂದಿದ್ದು ನನ್ನ ತಪ್ಪು ಕಣ್ಲಾ” ಅಂದರು. ಅಷ್ಟು ಹೇಳಿ ಇಟ್ಟುಬಿಟ್ಟರು.

ಈಗ ಎರಡು ಗೌರಿ ಹಬ್ಬ ಕಳೆದಿವೆ. ನಾನು ಬೆಟ್ಟದ ಕಡೆ ಹೋಗಿಲ್ಲ. ಮಳೆ ಬಿದ್ದಾಗ ಊರಿನ ಹುಡುಗರು ಯಾರಾದರೂ “ಗೌರಿ ಹೂ ಎಲ್ಲಿ ಬಿಟ್ಟೈತಣ್ಣ?” ಎಂದು ಕೇಳಿದರೆ ಜಾಗ ಹೇಳುತ್ತೇನೆ. ಹೂ ಕಿತ್ಕೊಳ್ಳಿ, ಬುಡ ಮುಟ್ಟಬೇಡಿ ಎಂದು ಹೇಳುತ್ತೇನೆ. ಬಸ್ಸಿನಲ್ಲಿ ಯಾರಾದರೂ ಚೀಲ ಕೊಟ್ಟು, ಇಂಥ ಊರಲ್ಲಿ ಇಂಥವರಿಗೆ ಕೊಟ್ಟುಬಿಡಿ ಅಂದರೆ, ಒಳಗೇನಿದೆ ಎಂದು ಬಿಚ್ಚಿ ನೋಡದೆ ತೆಗೆದುಕೊಳ್ಳುವುದಿಲ್ಲ. ಕೆಲವರು ರೇಗುತ್ತಾರೆ. ಡ್ರೈವರ್ ಅವರಿಗೆ, “ಅವ್ನು ಅಂಗೇ, ಬುಡಿ” ಅನ್ನುತ್ತಾನೆ.

ಆ ವಿಷಯವನ್ನು ಡಾಕ್ಟರಿಗೆ ಹೇಳಿದೆ, ಪೊಲೀಸರಿಗೆ ಹೇಳಿದೆ, ಭಾವನಿಗೆ, ಹೆಂಡತಿಗೆ, ನೂರು ಜನ ನೆಂಟರಿಗೆ ಹೇಳಿದೆ. ಕೆಲವರು ಬೈದರು, ಕೆಲವರು ವಿಧಿ ಎಂದು ಸಮಾಧಾನ ಮಾಡಿದರು, ಅಪ್ಪನನ್ನು ಬೈದವರೂ ಇದ್ದಾರೆ. ಎಲ್ಲರ ಮಾತೂ ನೆನಪಿದೆ. ತಿಳಿದಿದ್ದರೆ ಅಕ್ಕ ಏನನ್ನುತ್ತಿದ್ದಳೋ, ಆ ಮಾತು ಮಾತ್ರ ನನ್ನ ಹತ್ತಿರ ಇಲ್ಲ.